ನನ್ನ ಹೆಸರಿನ ಬಾಲ

ನನ್ನ ಹೆಸರು ಸ್ಮಿತಾ. ಕನ್ನಡದಲ್ಲಿ ಎರಡೇ ಅಕ್ಷರ, ತಕರಾರಿಲ್ಲ. ಇಂಗ್ಲಿಷಿನಲ್ಲಿ ಮಾತ್ರ ಎಸ್, ಎಂ, ಐ, ಟಿ, ಎಚ್, ಕೊನೆಗೆ ಎರಡು ಎ.

ಎಚ್ ನಮ್ಮ ಕಡೆಯ ಅಭ್ಯಾಸ. ಬರೀ ಟಿ ಹಾಕಿದರೆ ‘ಟ’ ಆಗಿಬಿಡುತ್ತದಲ್ಲ, ಅದಕ್ಕೆ. ಉತ್ತರದವರಿಗೆ ಟಿ ಒಂದೇ ಸಾಕು. ಹಾಗಾಗಿ ದೆಹಲಿಯಿಂದ ಫೋನ್ ಮಾಡಿದವರಿಗೆ ನಾನು ‘ಸ್ಮಿಥಾ’. ಒಬ್ಬರಂತೂ ಮೇಲ್‌ನಲ್ಲಿ ‘ಮಿಸ್ಟರ್ ಸ್ಮಿತ್’ ಅಂತಲೇ ಬರೆದಿದ್ದರು!

ಎರಡನೇ ಎ ಬಂದದ್ದು ಎಸ್ಸೆಸ್ಸೆಲ್ಸಿ ಫಾರಂ ತುಂಬುವಾಗ. ಅಪ್ಪನ ಗೆಳೆಯರೊಬ್ಬರು ಹಾಲಿನ ಬಿಲ್ಲಿನ ಹಿಂದೆ ಲೆಕ್ಕ ಹಾಕಿದರು. ಎಸ್‌ಗೆ 3, ಎಂಗೆ 4, ಐಗೆ 1, ಟಿಗೆ 4, ಎಚ್‌ಗೆ 5, ಎಗೆ 1. ಒಟ್ಟು 18. ಸಂಖ್ಯಾಶಾಸ್ತ್ರದವರಿಗೆ 18 ಆಗಿಬರಲ್ಲ, 19 ಅಂದ್ರೆ ಸೂರ್ಯನ ಸಂಖ್ಯೆ. ಇನ್ನೊಂದು ಎ ಸೇರಿಸಿದರೆ ಮುಗೀತು. ಅಮ್ಮ ಒಗ್ಗರಣೆ ಹಾಕುತ್ತಾ, “ಗಣಿತದಲ್ಲಿ ಒಂದು ಮಾರ್ಕ್ಸ್ ಹೀಗೇ ಸೇರಿಸೋಕಾಗತ್ತಾ ಕೇಳಿ” ಅಂದಳು.

ದೊಡ್ಡವರೂ ಇದಕ್ಕೆ ಹೊರತಲ್ಲ. 2019ರ ಜುಲೈನಲ್ಲಿ ಮುಖ್ಯಮಂತ್ರಿ ಆಗುವಾಗ ಯಡಿಯೂರಪ್ಪನವರು ಇಂಗ್ಲಿಷ್ ಹೆಸರಿನಿಂದ ಒಂದು ಡಿ ತೆಗೆದು ಐ ಹಾಕಿಕೊಂಡರು. ಕನ್ನಡದಲ್ಲಿ ಏನೂ ಬದಲಾಗಲಿಲ್ಲ. ಮಜಾ ಅಲ್ವಾ? ಅದೃಷ್ಟಕ್ಕೂ ಇಂಗ್ಲಿಷೇ ಬೇಕು.

ಆಧಾರ್‌ನಲ್ಲಿ ಒಂದೇ ಎ ಬಂದು, ಅದನ್ನು ಸರಿಮಾಡಿಸಲು ಮೂರು ಸಲ ಅಲೆದೆ. ಆ ಎರಡನೇ ಎ ಅನ್ನೇ ತೆಗೆಸಿಬಿಡಬಹುದಿತ್ತು. ಮನಸ್ಸು ಬರಲಿಲ್ಲ. ಲಕ್ ಗಿಕ್ ನಂಬಲ್ಲ ನಾನು. ಆದರೆ ಆ ಹಾಲಿನ ಬಿಲ್ಲನ್ನು ಅಪ್ಪ ಇವತ್ತಿಗೂ ನನ್ನ ಮಾರ್ಕ್ಸ್ ಕಾರ್ಡ್ ಜೊತೆ ಇಟ್ಟಿದ್ದಾರೆ.