18 ಪಂದ್ಯ ಗೆದ್ದವರು ಒಂದನ್ನು ಸೋತಿದ್ದು ಹೇಗೆ?

ಬಾಸ್ಟನ್ ಸುತ್ತಮುತ್ತಲಿನ ಕನ್ನಡಿಗರಲ್ಲಿ ಅಮೆರಿಕನ್ ಫುಟ್‌ಬಾಲ್ ಆಸೆಪಟ್ಟು ನೋಡುವವರು ಕಡಿಮೆ. ನಾನು ನೋಡುತ್ತೇನೆ ಅಂತ ಗೊತ್ತಾದ ಮೇಲೆ ಒಂದು ಪ್ರಶ್ನೆ ನನ್ನ ಬೆನ್ನು ಬಿಟ್ಟಿಲ್ಲ. ಕನ್ನಡ ಕೂಟದ ಯುಗಾದಿ ಊಟಕ್ಕೆ ಹೋದರೂ ಕೇಳುತ್ತಾರೆ, ಆಫೀಸಿಗೆ ಹೊಸದಾಗಿ ಬಂದ ಹುಡುಗರೂ ಕೇಳುತ್ತಾರೆ: "ಅಂಕಲ್, 2007ರಲ್ಲಿ ಪೇಟ್ರಿಯಟ್ಸ್ ಸಾಲಾಗಿ 18 ಮ್ಯಾಚ್ ಗೆದ್ದು ಫೈನಲ್‌ನಲ್ಲಿ ಸೋತರಂತಲ್ಲ, ಅದು ಬರೀ ಲಕ್ ತಾನೆ? ಆ ಹೆಲ್ಮೆಟ್ ಕ್ಯಾಚ್?"

ಅಲ್ಲ. ಫೈನಲ್‌ನ ಕೊನೆಯಲ್ಲಿ ಎದುರಾಳಿ ಜೈಂಟ್ಸ್ ಆಟಗಾರನೊಬ್ಬ ಚೆಂಡನ್ನು ತನ್ನ ಹೆಲ್ಮೆಟ್‌ಗೆ ಒತ್ತಿ ಹಿಡಿದದ್ದೇ ಆ ಹೆಲ್ಮೆಟ್ ಕ್ಯಾಚ್. ಲಕ್ ಇತ್ತು, ಇಲ್ಲ ಅನ್ನುವುದಿಲ್ಲ. ಆದರೆ ಆ ತಂಡವನ್ನು ಹೇಗೆ ಸೋಲಿಸಬಹುದು ಅನ್ನುವುದು ನವೆಂಬರ್ ಮುಗಿಯುವ ಹೊತ್ತಿಗೇ ಎಲ್ಲರ ಕಣ್ಣಿಗೂ ಬಿದ್ದಿತ್ತು. ಹಾಗೆ ಸೋಲಿಸಲು ಬೇಕಾದ ಆಟಗಾರರು ಒಂದೇ ತಂಡದಲ್ಲಿದ್ದರು, ಅಷ್ಟೆ.

ಆಟ ಗೊತ್ತಿಲ್ಲದವರಿಗೆ ಎರಡು ಮಾತು. ಚೆಂಡು ಕೈಯಲ್ಲಿರುವ ತಂಡಕ್ಕೆ 10 ಗಜ ಮುಂದೆ ಹೋಗಲು ನಾಲ್ಕು ಅವಕಾಶ. ಹೋದರೆ ಮತ್ತೆ ನಾಲ್ಕು. ಕೊನೆಯ ಗೆರೆ ದಾಟಿಸಿದರೆ ಟಚ್‌ಡೌನ್, 6 ಪಾಯಿಂಟ್, ಅದರ ಮೇಲೆ ಒದ್ದು ಗಳಿಸುವ ಒಂದು. ದಾಟಿಸಲು ಆಗದಿದ್ದರೆ ದೂರದಿಂದಲೇ ಕಂಬಗಳ ನಡುವೆ ಒದೆಯಬಹುದು, ಅದಕ್ಕೆ 3. ಚೆಂಡು ಎಸೆಯುವವನು ಕ್ವಾರ್ಟರ್‌ಬ್ಯಾಕ್. ಅವನು ಎಸೆಯುವ ಮೊದಲೇ ಹಿಡಿದು ಕೆಡವಿದರೆ ಅದು ಸ್ಯಾಕ್. ಈ ಸ್ಯಾಕ್ ಅನ್ನುವುದನ್ನು ನೆನಪಿಡಿ, ಇಡೀ ಕಥೆ ಅದರ ಮೇಲೆಯೇ ನಿಂತಿದೆ. ಆಗ ಒಂದು ಸೀಸನ್‌ಗೆ 16 ಪಂದ್ಯ, ಆಮೇಲೆ ನಾಕೌಟ್. ಸರಣಿ ಗಿರಣಿ ಏನೂ ಇಲ್ಲ, ಸೋತರೆ ಅಂದೇ ಮನೆಗೆ. ಕೊನೆಯದು ಸೂಪರ್ ಬೌಲ್.

ಪೇಟ್ರಿಯಟ್ಸ್ ಆಡುವುದು ಬಾಸ್ಟನ್‌ನ ದಕ್ಷಿಣಕ್ಕಿರುವ ಫಾಕ್ಸ್‌ಬರೋ ಊರಿನಲ್ಲಿ. ಆಗಿನ ಕೋಚ್ ಬಿಲ್ ಬೆಲಿಚಿಕ್, ಕ್ವಾರ್ಟರ್‌ಬ್ಯಾಕ್ ಟಾಮ್ ಬ್ರೇಡಿ. ಇಬ್ಬರೂ ಸೇರಿ ಅಷ್ಟರಲ್ಲಿ ಮೂರು ಸೂಪರ್ ಬೌಲ್ ಗೆದ್ದಾಗಿತ್ತು. ಹಿಂದಿನ ಸೀಸನ್‌ನಲ್ಲಿ ಮಾತ್ರ ಸೆಮಿಫೈನಲ್ ಅನ್ನಬಹುದಾದ ಪಂದ್ಯದಲ್ಲಿ 21-3 ಮುಂದಿದ್ದೂ ಇಂಡಿಯಾನಾಪೊಲಿಸ್ ಕೋಲ್ಟ್ಸ್‌ಗೆ 38-34ರಿಂದ ಸೋತಿದ್ದರು. ಬ್ರೇಡಿಯ ಚೆಂಡು ಹಿಡಿಯುವವರು ಸಾಲದು ಅಂತ ಎಲ್ಲರಿಗೂ ಅನಿಸಿತ್ತು. ಹಾಗಾಗಿ 2007ರಲ್ಲಿ ಅಂಗಡಿಗೆ ಹೋದವರ ಹಾಗೆ ಆಟಗಾರರನ್ನು ತಂದರು. ಮಯಾಮಿಯಿಂದ ವೆಸ್ ವೆಲ್ಕರ್ ಬಂದ. ಓಕ್ಲಂಡ್‌ನಿಂದ ರ‍್ಯಾಂಡಿ ಮಾಸ್ ಬಂದ, ಅದೂ ಡ್ರಾಫ್ಟ್‌ನ, ಅಂದರೆ ತಂಡಗಳು ಸರದಿಯಂತೆ ಹೊಸ ಆಟಗಾರರನ್ನು ಆರಿಸಿಕೊಳ್ಳುವ ಪದ್ಧತಿಯ, ನಾಲ್ಕನೇ ಸುತ್ತಿನ ಒಂದೇ ಒಂದು ಆಯ್ಕೆ ಬಿಟ್ಟುಕೊಟ್ಟದ್ದಕ್ಕೆ. ಅಷ್ಟು ಎತ್ತರ, ಅಷ್ಟು ವೇಗ ಒಬ್ಬನಲ್ಲೇ ಇರುವುದು ಅಪರೂಪ. ಮಾಸ್‌ನನ್ನು ಅಷ್ಟು ಅಗ್ಗಕ್ಕೆ ಬಿಟ್ಟವರಿಗೆ ಏನನ್ನಬೇಕೋ ನನಗೆ ಇವತ್ತಿಗೂ ತಿಳಿಯದು.

ಮೊದಲ ಪಂದ್ಯದಲ್ಲೇ ಗಲಾಟೆ. ನ್ಯೂಯಾರ್ಕ್ ಜೆಟ್ಸ್ ತಂಡದ ಕೋಚ್‌ಗಳು ಕೈಸನ್ನೆಯಲ್ಲಿ ಹೇಳುವುದನ್ನು ಪೇಟ್ರಿಯಟ್ಸ್ ಸಿಬ್ಬಂದಿಯೊಬ್ಬ ಮೈದಾನದ ಅಂಚಿನಿಂದ ವಿಡಿಯೊ ಮಾಡುತ್ತ ಸಿಕ್ಕಿಬಿದ್ದ. ಬೆಲಿಚಿಕ್‌ಗೆ 5 ಲಕ್ಷ ಡಾಲರ್ ದಂಡ, ತಂಡಕ್ಕೆ 2.5 ಲಕ್ಷ, ಜೊತೆಗೆ ಮುಂದಿನ ವರ್ಷದ ಮೊದಲ ಸುತ್ತಿನ ಆಯ್ಕೆಯೂ ಹೋಯಿತು. ತಪ್ಪು ತಪ್ಪೇ, ಅದನ್ನು ನಮ್ಮ ತಂಡ ಅಂತ ಮುಚ್ಚಿಡಬೇಕಾಗಿಲ್ಲ. ಅದಾದ ಮೇಲೆ ತಂಡ ಸಿಟ್ಟಿನಿಂದ ಆಡಿತು ಅನ್ನುವುದು ಎಲ್ಲರೂ ಹೇಳುವ ಮಾತು. ಅಂಕಿಗಳನ್ನು ನೋಡಿದರೆ ಹೌದು ಅನಿಸುತ್ತದೆ. 38-14, 38-14, 38-7, 34-13, 34-17, 48-27, 49-28, 52-7. ಮೊದಲ ಎಂಟು ಪಂದ್ಯಗಳಲ್ಲಿ ಒಂದನ್ನೂ 17 ಪಾಯಿಂಟ್‌ಗಿಂತ ಕಡಿಮೆ ಅಂತರದಲ್ಲಿ ಗೆದ್ದಿಲ್ಲ. ಈ ಲೀಗ್‌ನಲ್ಲಿ ಇದು ಸುಮ್ನೆ ಆಗುವ ಮಾತಲ್ಲ. ಇಲ್ಲಿ ಎಲ್ಲ ತಂಡಕ್ಕೂ ಸಂಬಳದ ಮಿತಿ ಒಂದೇ, ಹಿಂದಿನ ವರ್ಷ ಕೊನೆಯಲ್ಲಿ ನಿಂತವರಿಗೆ ಹೊಸ ಆಟಗಾರರನ್ನು ಮೊದಲು ಆರಿಸುವ ಹಕ್ಕು. ಯಾರೂ ಜಾಸ್ತಿ ಮೇಲೆ ಹೋಗಬಾರದು ಅಂತಲೇ ನಿಯಮ ಬರೆದಿದ್ದಾರೆ.

ಉಳಿದ ಎಂಟು ಪಂದ್ಯಗಳನ್ನು ಯಾರೂ ಸರಿಯಾಗಿ ನೋಡುವುದಿಲ್ಲ ಅನ್ನುವುದೇ ನನ್ನ ತಕರಾರು. ಅವನ್ನೂ ಗೆದ್ದರು, ನಿಜ. ಆದರೆ ಅದರಲ್ಲಿ ನಾಲ್ಕು ಪಂದ್ಯಗಳ ಅಂತರ 4 ಪಾಯಿಂಟ್ ಅಥವಾ ಅದಕ್ಕಿಂತ ಕಡಿಮೆ. ಕೋಲ್ಟ್ಸ್ ವಿರುದ್ಧ ಆಟದ ನಾಲ್ಕು ಭಾಗಗಳಲ್ಲಿ ಕೊನೆಯದರಲ್ಲಿ 20-10 ಹಿಂದಿದ್ದು 24-20ಕ್ಕೆ ಗೆದ್ದರು. ಅದು ಒಳ್ಳೆಯ ತಂಡ, ಇರಲಿ. ನವೆಂಬರ್ 25ರಂದು ಫಿಲಡೆಲ್ಫಿಯಾ ಈಗಲ್ಸ್ ಫಾಕ್ಸ್‌ಬರೋಗೆ ಬಂದಾಗ ಅವರ ಮುಖ್ಯ ಕ್ವಾರ್ಟರ್‌ಬ್ಯಾಕ್‌ಗೆ ಗಾಯ. ಬದಲಿಗೆ ಎ. ಜೆ. ಫೀಲಿ. ಪೇಟ್ರಿಯಟ್ಸ್ 20ಕ್ಕೂ ಹೆಚ್ಚು ಪಾಯಿಂಟ್‌ನಿಂದ ಗೆಲ್ಲುತ್ತಾರೆ ಅಂತ ಬಾಜಿ ಕಟ್ಟುವವರ ಲೆಕ್ಕ. ಗೆದ್ದಿದ್ದು 31-28. ಕೊನೆಯ ಭಾಗದಲ್ಲಿ ಈಗಲ್ಸ್ ಮುಂದಿದ್ದರು ಕೂಡ.

ಅವತ್ತು ಈಗಲ್ಸ್ ಮಾಡಿದ್ದೇನು? ಮಾಸ್‌ಗೆ ದೂರದ ಚೆಂಡು ಸಿಗದಂತೆ ದಾರಿ ಮುಚ್ಚಿದರು. ಬ್ರೇಡಿಯ ಮೇಲೆ ಬೇರೆ ಬೇರೆ ಕಡೆಯಿಂದ ಆಳುಗಳನ್ನು ನುಗ್ಗಿಸಿದರು. ಬ್ರೇಡಿ ಓಡುವ ಆಟಗಾರ ಅಲ್ಲ. ನಿಂತಲ್ಲೇ ನಿಂತು, ನೋಡಿ, ಎಸೆಯುವವನು. ಅರ್ಧ ಸೆಕೆಂಡ್ ಹೆಚ್ಚು ಕೊಟ್ಟರೆ ಸೀಳಿಬಿಡುತ್ತಾನೆ, ಅರ್ಧ ಸೆಕೆಂಡ್ ಕಸಿದುಕೊಂಡರೆ ಅವನೂ ಎಲ್ಲರಂತೆ. ಈಗಲ್ಸ್‌ನ ರಕ್ಷಣಾ ಆಟ ನಡೆಸುತ್ತಿದ್ದವರು ಜಿಮ್ ಜಾನ್ಸನ್. ಅವರ ಕೈಕೆಳಗೆ ವರ್ಷಗಟ್ಟಲೆ ಕೆಲಸ ಕಲಿತ ಸ್ಟೀವ್ ಸ್ಪಾಗ್ನುವೊಲೊ ಅದೇ 2007ರಲ್ಲಿ ನ್ಯೂಯಾರ್ಕ್ ಜೈಂಟ್ಸ್‌ನ ರಕ್ಷಣಾ ಕೋಚ್ ಆಗಿ ಹೋಗಿದ್ದರು. ಈ ಒಂದು ಸಂಗತಿ ಹೇಳಿದರೆ ಹುಡುಗರು "ಓಹೋ" ಅನ್ನುತ್ತಾರೆ.

ಮರುವಾರ ಬಾಲ್ಟಿಮೋರ್ ರೇವನ್ಸ್ ವಿರುದ್ಧ. ಸಾಲುಸಾಲಾಗಿ ಸೋಲುತ್ತಿದ್ದ ರೇವನ್ಸ್ 24-20 ಮುಂದೆ. ಕೊನೆಯ ಎರಡು ನಿಮಿಷದೊಳಗೆ ನಾಲ್ಕನೇ ಅವಕಾಶದಲ್ಲಿ ಪೇಟ್ರಿಯಟ್ಸನ್ನು ತಡೆದೇಬಿಟ್ಟರು. ಆದರೆ ಚೆಂಡು ಆಟಕ್ಕೆ ಬರುವ ಒಂದು ಕ್ಷಣ ಮೊದಲು ರೇವನ್ಸ್‌ನ ರಕ್ಷಣಾ ಕೋಚ್ ರೆಕ್ಸ್ ರಯಾನ್ ಟೈಮ್‌ಔಟ್ ಕೇಳಿದ್ದರು! ಆ ತಡೆ ಲೆಕ್ಕಕ್ಕೇ ಬರಲಿಲ್ಲ. ಆಟ ಮತ್ತೆ ನಡೆಯಿತು, 44 ಸೆಕೆಂಡ್ ಉಳಿದಿದ್ದಾಗ ಟಚ್‌ಡೌನ್, 27-24. ಲಕ್ ಲಕ್ ಅನ್ನುವವರು ಇದನ್ನು ಯಾವ ಖಾತೆಗೆ ಹಾಕುತ್ತಾರೋ ನನಗೆ ಗೊತ್ತಿಲ್ಲ. ಹೆಲ್ಮೆಟ್ ಕ್ಯಾಚ್‌ಗೆ ಅತ್ತವರು ಈ ಟೈಮ್‌ಔಟ್‌ಗೆ ಒಮ್ಮೆ ನಕ್ಕಿದ್ದರು, ಅಲ್ವಾ?

ಡಿಸೆಂಬರ್ 29ರಂದು 16ನೇ ಪಂದ್ಯ, ನ್ಯೂಜೆರ್ಸಿಯಲ್ಲಿ, ಅದೇ ಜೈಂಟ್ಸ್ ವಿರುದ್ಧ. ಜೈಂಟ್ಸ್ ಸೀಸನ್ನಿನ ಮೊದಲ ಎರಡು ಪಂದ್ಯದಲ್ಲಿ 80 ಪಾಯಿಂಟ್ ಬಿಟ್ಟುಕೊಟ್ಟು ಸೋತಿದ್ದ ತಂಡ. ಆಮೇಲೆ ಚೇತರಿಸಿಕೊಂಡು ನಾಕೌಟ್ ಸ್ಥಾನ ಖಾತ್ರಿ ಮಾಡಿಕೊಂಡಿತ್ತು. ಈ ಪಂದ್ಯ ಗೆದ್ದರೂ ಸೋತರೂ ಅವರಿಗೆ ಒಂದೇ. ಅಂಥ ಹೊತ್ತಲ್ಲಿ ಮುಖ್ಯ ಆಟಗಾರರನ್ನು ಕೂರಿಸುವುದು ವಾಡಿಕೆ. ಕೋಚ್ ಟಾಮ್ ಕಫ್ಲಿನ್ ಕೂರಿಸಲಿಲ್ಲ. ಜೈಂಟ್ಸ್ ಒಂದು ಹಂತದಲ್ಲಿ 28-16 ಮುಂದಿದ್ದರು. ಮಾಸ್ ಒಂದು ಉದ್ದದ ಚೆಂಡು ಕೈಬಿಟ್ಟ. ಮರು ಎಸೆತದಲ್ಲೇ ಮತ್ತೆ ಅವನಿಗೇ ಬ್ರೇಡಿ ಎಸೆದ, 65 ಗಜದ ಟಚ್‌ಡೌನ್. ಆ ಸೀಸನ್ನಿನಲ್ಲಿ ಬ್ರೇಡಿಯ 50ನೆಯದು, ಮಾಸ್‌ನ 23ನೆಯದು. ಒಂದೇ ಎಸೆತಕ್ಕೆ ಎರಡು ದಾಖಲೆ. 38-35, 16ಕ್ಕೆ 16. ಸೀಸನ್ನಿನ ಒಟ್ಟು 589 ಪಾಯಿಂಟ್, ಅದೂ ಅಂದಿನ ದಾಖಲೆ.

ನಾವೆಲ್ಲ ದಾಖಲೆ ನೋಡಿದೆವು. ಜೈಂಟ್ಸ್ ಮಾತ್ರ "ಇವರಿಗೆ 35 ಹೊಡೆದೆವಲ್ಲ" ಅಂದುಕೊಂಡು ಹೋಗಿರಬೇಕು.

ನಾಕೌಟ್‌ನಲ್ಲಿ ಜ್ಯಾಕ್ಸನ್‌ವಿಲ್, ಸ್ಯಾನ್ ಡಿಯಾಗೊ ಎರಡನ್ನೂ ಗೆದ್ದರು. ಎರಡನೆಯದರಲ್ಲಿ ಬ್ರೇಡಿ ಮೂರು ಸಲ ಚೆಂಡನ್ನು ಎದುರಾಳಿ ಕೈಗೆ ಕೊಟ್ಟ. ಗಳಿಸಿದ್ದು ಬರೀ 21. ಆ ಕಡೆ ಜೈಂಟ್ಸ್ ಟ್ಯಾಂಪಾ, ಡಲಸ್, ಗ್ರೀನ್ ಬೇ ಮೂರೂ ಕಡೆ ಪರರ ಮೈದಾನದಲ್ಲಿ ಗೆದ್ದು ಬಂದರು. ಸೂಪರ್ ಬೌಲ್‌ಗೆ ಮುಂಚೆಯೇ ಪೇಟ್ರಿಯಟ್ಸ್ ಕಡೆಯವರು "19-0" (19 ಗೆಲುವು, ಸೊನ್ನೆ ಸೋಲು) ಅನ್ನುವುದಕ್ಕೆ ಟ್ರೇಡ್‌ಮಾರ್ಕ್ ಅರ್ಜಿಯನ್ನೂ ಹಾಕಿದ್ದರು. ಕೂಸು ಹುಟ್ಟುವ ಮುಂಚೆ ಕುಲಾವಿ ಅನ್ನುವುದು ಇದಕ್ಕೇ.

2008ರ ಫೆಬ್ರವರಿ 3, ಅರಿಜೋನಾದ ಗ್ಲೆಂಡೇಲ್. ಈಗ ಸ್ಯಾಕ್ ಲೆಕ್ಕಕ್ಕೆ ಬರೋಣ. 16 ಪಂದ್ಯಗಳಲ್ಲಿ ಬ್ರೇಡಿಯನ್ನು ಕೆಡವಿದ್ದು 21 ಸಲ. ಆ ಒಂದು ಸಂಜೆ 5 ಸಲ. ಜೈಂಟ್ಸ್‌ನಲ್ಲಿ ಮೈಕಲ್ ಸ್ಟ್ರೇಹನ್, ಓಸಿ ಯುಮೆನ್ಯೋರಾ, ಜಸ್ಟಿನ್ ಟಕ್ ಇದ್ದರು. ಆ ಸೀಸನ್ನಿನಲ್ಲಿ ಅತಿ ಹೆಚ್ಚು ಸ್ಯಾಕ್ ಮಾಡಿದ ತಂಡವೇ ಅದು. ಎದುರು ಸಾಲಿನ ನಾಲ್ಕೇ ಜನ ಬ್ರೇಡಿಯನ್ನು ಮುಟ್ಟಬಲ್ಲವರಾದರೆ ಉಳಿದ ಏಳು ಜನ ಹಿಂದೆ ನಿಂತು ಮಾಸ್, ವೆಲ್ಕರ್ ಇಬ್ಬರನ್ನೂ ಕಾಯಬಹುದು. ಬೇರೆ ತಂಡಗಳು ನುಗ್ಗಲು ಐದಾರು ಜನ ಕಳಿಸಬೇಕಿತ್ತು, ಆಗ ಹಿಂದೆ ಜಾಗ ಖಾಲಿ. ಜೈಂಟ್ಸ್‌ಗೆ ಆ ತೊಂದರೆ ಅಷ್ಟಾಗಿ ಇರಲಿಲ್ಲ. ಟಕ್‌ನನ್ನು ಅಂಚಿನಿಂದ ನಡುವಿಗೆ ತಂದು ನಿಲ್ಲಿಸಿದ್ದು ಇನ್ನೂ ದೊಡ್ಡ ಪೆಟ್ಟು. ಪಂದ್ಯಕ್ಕೆ ಸರಾಸರಿ 36ರ ಮೇಲೆ ಗಳಿಸುತ್ತಿದ್ದ ತಂಡ ಮೂರು ಭಾಗ ಮುಗಿದಾಗ ಗಳಿಸಿದ್ದು 7.

ಬೆಲಿಚಿಕ್ ಮಾಡಿದ್ದೂ ಒಂದಿದೆ. ಮೂರನೇ ಭಾಗದಲ್ಲಿ 7-3 ಮುಂದಿದ್ದಾಗ ಚೆಂಡು ಜೈಂಟ್ಸ್‌ನ 31 ಗಜದ ಗೆರೆಯಲ್ಲಿತ್ತು. ಒದ್ದರೆ 3 ಪಾಯಿಂಟ್ ಸಿಗಬಹುದು. ಒದೆಸಲಿಲ್ಲ. 13 ಗಜ ಬೇಕಿದ್ದ ನಾಲ್ಕನೇ ಅವಕಾಶದಲ್ಲಿ ಎಸೆಯಲು ಹೇಳಿದರು, ಸಿಗಲಿಲ್ಲ. ಕೊನೆಗೆ ಸೋತ ಅಂತರ ಎಷ್ಟು? ಮೂರೇ. ಹೆಲ್ಮೆಟ್ ಕ್ಯಾಚ್ ಬಗ್ಗೆ ಮಾತಾಡುವವರು ಈ ಒದೆಯದ ಚೆಂಡಿನ ಬಗ್ಗೆ ಮಾತಾಡಿದ್ದನ್ನು ನಾನು ಕೇಳಿದ್ದೇ ಕಡಿಮೆ.

ಸರಿ, ಆ ಕ್ಯಾಚ್. ಪೇಟ್ರಿಯಟ್ಸ್ 14-10 ಮುಂದೆ, ಒಂದು ನಿಮಿಷ ಚಿಲ್ಲರೆ ಬಾಕಿ. ಅದರ ಹಿಂದಿನ ಎಸೆತವೇ ಪೇಟ್ರಿಯಟ್ಸ್‌ನ ಅಸಾಂಟೆ ಸ್ಯಾಮ್ಯುಯೆಲ್‌ನ ಬೆರಳಿಗೆ ತಾಗಿ ಹೋಯಿತು. ಹಿಡಿದಿದ್ದರೆ ಕಥೆ ಮುಗಿದಿತ್ತು. ಮುಂದಿನ ಎಸೆತದಲ್ಲಿ ಜೈಂಟ್ಸ್‌ನ ಕ್ವಾರ್ಟರ್‌ಬ್ಯಾಕ್ ಈಲೈ ಮ್ಯಾನಿಂಗ್‌ನ ಅಂಗಿ ಹಿಂದಿನಿಂದ ಕೈಗೆ ಸಿಕ್ಕಿತ್ತು. ಹೇಗೋ ಕಿತ್ತುಕೊಂಡು ಬಂದು ನಡುವಿಗೆ ಎತ್ತಿ ಎಸೆದ. ಡೇವಿಡ್ ಟೈರಿ ಮೇಲೆ ಹಾರಿ ಒಂದು ಕೈಯಲ್ಲಿ ಚೆಂಡನ್ನು ತನ್ನ ಹೆಲ್ಮೆಟ್‌ಗೆ ಒತ್ತಿಕೊಂಡ. ರಾಡ್ನಿ ಹ್ಯಾರಿಸನ್ ಮೈಮೇಲೆ ಬಿದ್ದು ಎಳೆದರೂ ಬಿಡಲಿಲ್ಲ. 32 ಗಜ. 16 ಪಂದ್ಯಗಳಲ್ಲಿ ಬರೀ 4 ಚೆಂಡು ಹಿಡಿದಿದ್ದ ಆಟಗಾರ ಅವನು! ಸ್ವಲ್ಪ ಹೊತ್ತಿಗೆ ಪ್ಲ್ಯಾಕ್ಸಿಕೋ ಬರೆಸ್‌ಗೆ ಟಚ್‌ಡೌನ್, 35 ಸೆಕೆಂಡ್ ಬಾಕಿ, 17-14. ಬ್ರೇಡಿ ಕೊನೆಗೆ ಮಾಸ್‌ಗೆ ಉದ್ದಕ್ಕೆ ಎಸೆದು ನೋಡಿದ. ಸಿಗಲಿಲ್ಲ.

ಇಂಥ ಕ್ಯಾಚ್ ಮತ್ತೆ ಹಿಡಿ ಅಂದರೆ ಟೈರಿಗೂ ಆಗುವುದಿಲ್ಲ, ಒಪ್ಪುತ್ತೇನೆ. ಆದರೆ ಆ ಕ್ಯಾಚ್ ಪಂದ್ಯ ಗೆಲ್ಲಿಸುವ ಸ್ಥಿತಿ ಹೇಗೆ ಬಂತು ಅಂತ ಕೇಳಿ. ಪೇಟ್ರಿಯಟ್ಸ್ ತಮ್ಮ ಎಂದಿನ ಲೆಕ್ಕದ ಅರ್ಧಕ್ಕಿಂತ ಕಡಿಮೆ ಗಳಿಸಿದ್ದರಿಂದ. ಅವರು 28 ಹೊಡೆದಿದ್ದರೆ ಟೈರಿ ಹಿಡಿದದ್ದು ಯಾರಿಗೂ ನೆನಪಿರುತ್ತಿರಲಿಲ್ಲ.

ಇದನ್ನು ಕೇಳಿದ ಮೇಲೂ ಕೆಲವರು, "ಇನ್ನೊಂದು ಸಲ ಆಡಿಸಿದ್ದರೆ ಪೇಟ್ರಿಯಟ್ಸೇ ಗೆಲ್ಲುತ್ತಿದ್ದರು ಬಿಡಿ" ಅನ್ನುತ್ತಾರೆ. ಆಡಿಸಿದರಲ್ಲ! 2012ರ ಫೆಬ್ರವರಿಯಲ್ಲಿ ಇಂಡಿಯಾನಾಪೊಲಿಸ್‌ನಲ್ಲಿ ಮತ್ತೆ ಅದೇ ಎರಡು ತಂಡ, ಅದೇ ಕೋಚ್‌ಗಳು, ಅದೇ ಕ್ವಾರ್ಟರ್‌ಬ್ಯಾಕ್‌ಗಳು. ಜೈಂಟ್ಸ್ ಆ ಸೀಸನ್ನಿನಲ್ಲಿ 9 ಗೆದ್ದು 7 ಸೋತಿದ್ದ ತಂಡ. ಸೂಪರ್ ಬೌಲ್‌ನಲ್ಲಿ ಬ್ರೇಡಿಯ ಮೊಟ್ಟಮೊದಲ ಆಟದಲ್ಲೇ ಜಸ್ಟಿನ್ ಟಕ್ ಅವನ ಮೇಲೆ ನುಗ್ಗಿದ. ಬ್ರೇಡಿ ತನ್ನ ಗೆರೆಯ ಹಿಂದೆಯೇ ನಿಂತು ಯಾರೂ ಇಲ್ಲದ ಕಡೆ ಚೆಂಡು ಎಸೆದ. ನಿಯಮದ ಪ್ರಕಾರ ಜೈಂಟ್ಸ್‌ಗೆ 2 ಪಾಯಿಂಟ್. ಕೊನೆಗೆ 21-17, ಗೆದ್ದವರು ಮತ್ತೆ ಜೈಂಟ್ಸೇ.