ಟಿವಿ ನೋಡಿದ್ರೆ ಅರೇಬಿಕ್ ಬರುತ್ತಾ ಅಕ್ಕಾ?

ನಾನು ಮಂಗಳೂರಿನಲ್ಲಿ ಅರೇಬಿಕ್ ಕಾಗದಪತ್ರಗಳ ಅನುವಾದ ಮಾಡುತ್ತೇನೆ. ಮದುವೆ ಸರ್ಟಿಫಿಕೇಟು, ಡ್ರೈವಿಂಗ್ ಲೈಸೆನ್ಸು, ಕೆಲಸದ ಕರಾರು, ಇಂಥವು. ಬರುವವರಲ್ಲಿ ಸುಮಾರು ಜನ, ಗಂಡ ಆಗಲೇ ಕುವೈತಿನಲ್ಲೋ ದೋಹಾದಲ್ಲೋ ಇದ್ದು, ಈಗ ಮಕ್ಕಳನ್ನು ಕಟ್ಟಿಕೊಂಡು ಹೊರಟವರು. ಕಾಗದ ಕೊಟ್ಟು, ದುಡ್ಡು ಕೊಟ್ಟು, ಚಪ್ಪಲಿ ಹಾಕಿಕೊಳ್ಳುವಾಗ ಕೇಳುತ್ತಾರೆ: "ನೀವು ಟಿವಿ ನೋಡಿಯೇ ಅರೇಬಿಕ್ ಕಲಿತದ್ದಂತೆ ಹೌದಾ? ಯಾವ ಪ್ರೋಗ್ರಾಮು ಅಂತ ಹೇಳಿ, ನಮ್ಮ ಮಗೂಗೂ ಹಾಕ್ತೇವೆ."

ಹೌದು, ಟಿವಿ ನೋಡಿಯೇ ಕಲಿತೆ. ಆದರೆ ನಾನು ಕಲಿತ ಆ ಅರೇಬಿಕ್ಕನ್ನು ನಮ್ಮ ಬೀದಿಯಲ್ಲಿ ಒಬ್ಬನೂ ಮಾತಾಡುತ್ತಿರಲಿಲ್ಲ. ಬಾಗಿಲಲ್ಲಿ ನಿಂತು ಇಷ್ಟು ಹೇಳಿದರೆ ಯಾರಿಗೂ ಅರ್ಥವಾಗುವುದಿಲ್ಲ. ಅದಕ್ಕೇ ಬರೆದು ಇಡುತ್ತಿದ್ದೇನೆ. ಇನ್ನು ಮುಂದೆ ಕೇಳಿದವರಿಗೆ ಲಿಂಕ್ ಕಳಿಸಿದರಾಯಿತು.

ನಮ್ಮದು ಕುಂದಾಪುರದ ಕಡೆ. ಅಪ್ಪ ಕುವೈತಿನ ಸಾಲ್ಮಿಯಾದಲ್ಲಿ ಒಂದು ಗ್ಯಾರೇಜಿನ ಲೆಕ್ಕ ಬರೆಯುತ್ತಿದ್ದರು. ನಾನು ಅಲ್ಲಿಗೆ ಹೋದಾಗ ಇನ್ನೂ ಸರಿಯಾಗಿ ಮಾತು ಬರುತ್ತಿರಲಿಲ್ಲವಂತೆ. ಮನೆಯಲ್ಲಿ ಕುಂದಾಪ್ರ ಕನ್ನಡ, ಶಾಲೆಯಲ್ಲಿ ಇಂಗ್ಲಿಷು, ಟಿವಿಯಲ್ಲಿ ಅರೇಬಿಕ್. ಸಂಜೆ ಅಮ್ಮ ಬಟ್ಟೆ ಮಡಚುವಾಗ ನಾನು ಟಿವಿ ಮುಂದೆ ಕೂತು 'ಇಫ್ತಹ್ ಯಾ ಸಿಮ್‌ಸಿಮ್' ನೋಡುತ್ತಿದ್ದೆ. ಅಲಿಬಾಬಾ ಗುಹೆಯ ಬಾಗಿಲಲ್ಲಿ ನಿಂತು ಹೇಳುವ ಮಾತೇ ಅದು: ಎಳ್ಳೇ, ಬಾಗಿಲು ತೆಗಿ.

ಅಮೆರಿಕದ 'ಸೆಸಮಿ ಸ್ಟ್ರೀಟ್' ಅನ್ನುವ ಮಕ್ಕಳ ಗೊಂಬೆ ಕಾರ್ಯಕ್ರಮ ಗೊತ್ತಿರಬೇಕಲ್ಲ, ನಮ್ಮಲ್ಲಿ 2006ರಿಂದ ಹಿಂದಿಯಲ್ಲಿ 'ಗಲ್ಲಿ ಗಲ್ಲಿ ಸಿಮ್ ಸಿಮ್' ಅಂತ ಬಂತು, ಅದೇ ಮನೆತನದ ಅರೇಬಿಕ್ ಕುಡಿ ಇದು. ಗಲ್ಫ್ ದೇಶಗಳು ಕೂಡಿ ಕುವೈತಿನಲ್ಲಿ ಒಂದು ನಿರ್ಮಾಣ ಸಂಸ್ಥೆ ಕಟ್ಟಿಕೊಂಡಿದ್ದವು. ಅದು 1979ರಲ್ಲಿ ಇದನ್ನು ಶುರು ಮಾಡಿತು. ಮೊದಲ ಸರಣಿಯೇ 130 ಕಂತು. ನಿರ್ದೇಶಕ ಫೈಸಲ್ ಅಲ್-ಯಾಸಿರಿ ಇರಾಕಿನವರು. ನುಅಮಾನ್ ಅಂತ ಮೈತುಂಬ ಕೂದಲಿನ ಒಂದು ದೊಡ್ಡ ಗೊಂಬೆ. ಅದು ಒಂಟೆಯೋ ಕರಡಿಯೋ ಅಂತ ನಾನೂ ನನ್ನ ತಮ್ಮನೂ ಇವತ್ತಿಗೂ ಜಗಳ ಆಡುತ್ತೇವೆ. ಮಲ್ಸೂನ್ ಅಂತ ಒಂದು ವಾಚಾಳಿ ಗಿಳಿ. ಅಮೆರಿಕದಿಂದ ಬಂದ ಗೊಂಬೆಗಳಿಗೆ ಅರಬ್ ಹೆಸರು ಇಟ್ಟಿದ್ದರು. ಅರ್ನಿ ಇಲ್ಲಿ ಅನೀಸ್, ಬರ್ಟ್ ಇಲ್ಲಿ ಬದ್ರ್. ಬಿಸ್ಕತ್ತು ಮುಕ್ಕುವ ನೀಲಿ ಭೂತ ಇಲ್ಲಿ ಕಅಕಿ.

ಇವರೆಲ್ಲ ಮಾತಾಡುತ್ತಿದ್ದದ್ದು ಫುಸ್‌ಹಾ. ಅಂದರೆ ಪುಸ್ತಕದ ಅರೇಬಿಕ್. ಪತ್ರಿಕೆ, ವಾರ್ತೆ, ಭಾಷಣ, ಪಾಠಪುಸ್ತಕ ಎಲ್ಲ ಇದರಲ್ಲೇ. ಆದರೆ ಯಾವ ಅರಬ್ ತಾಯಿಯೂ ಫುಸ್‌ಹಾದಲ್ಲಿ ಮಗುವಿಗೆ ಊಟ ಮಾಡಿಸುವುದಿಲ್ಲ. ಮನೆಮಾತಿಗೆ ಆಮ್ಮಿಯಾ ಅನ್ನುತ್ತಾರೆ. ಅದು ಕೈರೋದಲ್ಲಿ ಒಂದು ಥರ, ದಮಾಸ್ಕಸ್‌ನಲ್ಲಿ ಇನ್ನೊಂದು, ಕುವೈತಿನಲ್ಲಿ ಮತ್ತೊಂದು. ಮೊರಾಕ್ಕೊದವರ ಮಾತಂತೂ ಕುವೈತಿಯವರಿಗೇ ತಲೆಬುಡ ತಿಳಿಯುವುದಿಲ್ಲ.

ನಮಗೂ ಇದು ಹೊಸತಲ್ಲ. ಮನೆಯಲ್ಲಿ 'ಬತ್ತಿಲ್ಲೆ' ಅನ್ನುವ ಹುಡುಗಿ ನೋಟ್‌ಬುಕ್ಕಿನಲ್ಲಿ 'ಬರುವುದಿಲ್ಲ' ಅಂತಲೇ ಬರೆಯಬೇಕು. ಆದರೆ ನಮ್ಮ ಎರಡು ಕನ್ನಡಗಳ ನಡುವೆ ಇರುವುದು ಒಂದು ಸಂಕ. ಅಲ್ಲಿರುವುದು ಹೊಳೆ. ಫುಸ್‌ಹಾದಲ್ಲಿ ವಿಭಕ್ತಿ ಬೇರೆ ಉಂಟು: ರೊಟ್ಟಿ ಕರ್ತೃವಾದರೆ ಖುಬ್‌ಝುನ್, ಕರ್ಮವಾದರೆ ಖುಬ್‌ಝನ್. ಮಾತಿನಲ್ಲಿ ಇವೆಲ್ಲ ಉದುರಿಹೋಗಿ ಎಷ್ಟೋ ಕಾಲ ಆಗಿದೆ.

ಎಂಟು ವರ್ಷದವಳಿದ್ದಾಗ ಅಮ್ಮ ನನ್ನನ್ನು ಇರಾನಿ ರೊಟ್ಟಿ ತರಲು ಕಳಿಸಿದಳು. ಒಲೆಯಿಂದ ತೆಗೆದ ಬಿಸಿ ರೊಟ್ಟಿಯನ್ನು ಕಿಟಕಿಯಲ್ಲೇ ಕೊಡುತ್ತಾರೆ, ಹೊರಗೆ ಸಾಲು. ನನ್ನ ಸರದಿ ಬಂತು. ಟಿವಿಯ ಬದ್ರ್ ಹೇಳುವ ಹಾಗೆಯೇ ನೆಟ್ಟಗೆ ನಿಂತು ಹೇಳಿದೆ: "ಮಿನ್ ಫದ್ಲಿಕ, ಉರೀದು ಖುಬ್‌ಝನ್." ಕನ್ನಡದಲ್ಲಿ ಹೇಳುವುದಾದರೆ, ನಂದಿನಿ ಬೂತಿಗೆ ಹೋಗಿ "ದಯಮಾಡಿ, ನಾನು ಹಾಲನ್ನು ಬಯಸುತ್ತೇನೆ" ಅಂದ ಹಾಗೆ. ಸಾಲಿನಲ್ಲಿದ್ದ ಹುಡುಗರು ಹೊಟ್ಟೆ ಹಿಡಿದುಕೊಂಡು ನಕ್ಕರು. ಒಬ್ಬ "ನುಅಮಾನ್! ನುಅಮಾನ್!" ಅಂತ ಕೂಗಿದ. ಆಮೇಲೆ ಅವನೇ ಕಿಟಕಿಗೆ ಕೈಯಿಟ್ಟು "ಅಬೀ ಖುಬುಝ್" ಅಂದ. ರೊಟ್ಟಿ ತಗೊಂಡು ಹೋಗೇಬಿಟ್ಟ.

ನನಗೆ ಅವಮಾನಕ್ಕಿಂತ ಗೊಂದಲ ಜಾಸ್ತಿ ಆಯಿತು. ಕುಂದಾಪುರದಲ್ಲಿ ಅಬ್ಬಿ ಅಂದರೆ ಅಮ್ಮ. ಟಿವಿಯ ಅರೇಬಿಕ್ಕಿನಲ್ಲಿ ಅಬೀ ಅಂದರೆ 'ನನ್ನ ಅಪ್ಪ'. ಈ ಹುಡುಗ ರೊಟ್ಟಿ ಕಿಟಕಿಯಲ್ಲಿ ಅಪ್ಪನನ್ನು ಯಾಕೆ ಕರೆಯುತ್ತಾನೆ? ಮನೆಗೆ ಬಂದು ಕೇಳಿದಾಗ ಅಪ್ಪ ನಗುತ್ತ ಹೇಳಿದರು, ಕುವೈತಿಗಳ ಬಾಯಲ್ಲಿ ಅಬೀ ಅಂದರೆ 'ನಂಗೆ ಬೇಕು' ಅಂತ. ಬರೆದರೆ ಎರಡಕ್ಕೂ ಅವೇ ಮೂರು ಅಕ್ಷರ.

ಹಾಗಾದರೆ ಕಾರ್ಯಕ್ರಮದವರು ಸುಮ್ನೆ ಕುವೈತಿ ಮಾತಿನಲ್ಲೇ ಮಾಡಬಹುದಿತ್ತಲ್ವಾ? ಆಗುತ್ತಿರಲಿಲ್ಲ. ಒಂದೇ ಉದಾಹರಣೆ ಸಾಕು. ಈಜಿಪ್ಟಿನವರು ರೊಟ್ಟಿಗೆ 'ಎಯ್ಶ್' ಅನ್ನುತ್ತಾರೆ. ಆ ಪದದ ಮೂಲ ಅರ್ಥ ಬದುಕು. ಅದೇ ಪದ ಕುವೈತ್, ಬಹರೇನ್ ಕಡೆ ಅನ್ನಕ್ಕೆ! ಗೊಂಬೆಯೊಂದು ಪರದೆಯ ಮೇಲೆ "ಎಯ್ಶ್ ಬೇಕು" ಅಂತ ಅತ್ತರೆ ಕೈರೋದ ಮಗು ರೊಟ್ಟಿ ಅಂದುಕೊಳ್ಳುತ್ತದೆ, ಕುವೈತಿನ ಮಗು ಅನ್ನ ಅಂದುಕೊಳ್ಳುತ್ತದೆ. ಒಂದೇ ಕಾರ್ಯಕ್ರಮ ಇಷ್ಟೊಂದು ದೇಶದಲ್ಲಿ ಓಡಬೇಕಾದರೆ ಯಾರ ಮನೆಯದೂ ಅಲ್ಲದ, ಎಲ್ಲರ ಶಾಲೆಯದೂ ಆದ ಭಾಷೆಯೇ ಬೇಕಿತ್ತು. ಇನ್ನೊಂದು ಲಾಭ, ಮುಂದೆ ಒಂದನೇ ಕ್ಲಾಸಿನಲ್ಲಿ ಪುಸ್ತಕ ತೆರೆದಾಗ ಆ ಭಾಷೆ ಮಗುವಿನ ಕಿವಿಗೆ ಮೊದಲೇ ಬಿದ್ದಿರುತ್ತದೆ. ವ್ಯಾಕರಣ ತೀರಾ ಗಡುಸಾಗದ ಹಾಗೆ, ಸಣ್ಣ ಸಣ್ಣ ವಾಕ್ಯದಲ್ಲಿ ಮಾತಾಡಿಸುತ್ತಿದ್ದರು. ಅಷ್ಟು ಹಗುರ ಇದ್ದದ್ದಕ್ಕೇ ನನ್ನಂಥ ಹೊರಗಿನವಳ ಬಾಯಲ್ಲೂ ಅದು ನಿಂತಿತು.

ಅಕ್ಷರ ಕಲಿಸುವ ತುಣುಕುಗಳನ್ನು ನಾನು ಈಗಲೂ ಯೂಟ್ಯೂಬಿನಲ್ಲಿ ಹುಡುಕಿ ನೋಡುತ್ತೇನೆ. ಇಂಗ್ಲಿಷಿನ 'ಬಿ' ಎಲ್ಲಿ ಕೂರಿಸಿದರೂ 'ಬಿ'ಯೇ. ಅದನ್ನು ಪರದೆಯ ಮೇಲೆ ಕುಣಿಸುವುದು ಸುಲಭ. ಅರೇಬಿಕ್ ಅಕ್ಷರ ಪಕ್ಕದವನ ಕೈ ಹಿಡಿದುಕೊಂಡೇ ಇರಬೇಕು. 'ಐನ್' ಅಕ್ಷರ ಒಂಟಿಯಾಗಿದ್ದಾಗ ಒಂದು ರೂಪ, ಪದದ ಮೊದಲಲ್ಲಿ ಒಂದು, ನಡುವೆ ಒಂದು, ಕೊನೆಗೆ ಮತ್ತೊಂದು. ನಾಲ್ಕನ್ನೂ ಪಕ್ಕಪಕ್ಕ ಬರೆದರೆ ನಾಲ್ಕು ಬೇರೆ ಅಕ್ಷರ ಅನ್ನಬೇಕು. ಆರು ಅಕ್ಷರಗಳಂತೂ ತಮ್ಮ ಮುಂದೆ ಬರುವವನ ಕೈ ಹಿಡಿಯುವುದೇ ಇಲ್ಲ. ಹಿಂದಿನವನು ಹಿಡಿದರೆ ಸರಿ, ಮುಂದೆ ಮಾತ್ರ ಚಾಚುವುದಿಲ್ಲ. ನಮ್ಮ ಒತ್ತಕ್ಷರ ಕಲಿಯುವಾಗಲೂ ಹೀಗೇ ಕಣ್ಣು ಕೆಂಪಾಗುತ್ತದೆ ಅಲ್ವಾ? ಇಂಥದ್ದನ್ನು ಕರಿಹಲಗೆಯ ಮೇಲೆ ತೋರಿಸಿದರೆ ಬರೀ ನಿಯಮ. ಚಲಿಸುವ ಚಿತ್ರದಲ್ಲಿ ಅಕ್ಷರವೇ ಬಲದಿಂದ ಎಡಕ್ಕೆ ನಡೆದು, ಬಾಲ ಮಡಚಿ, ಪಕ್ಕದವನಿಗೆ ಅಂಟಿಕೊಳ್ಳುವಾಗ ಮಗು ನಿಯಮ ಕೇಳುವುದೇ ಇಲ್ಲ. ಅರೇಬಿಕ್ ಕಲಿಸಲು ಟಿವಿ ಪುಸ್ತಕಕ್ಕಿಂತ ಮೇಲು ಅಂತ ನಾನು ಎದೆ ತಟ್ಟಿ ಹೇಳುವುದು ಈ ಒಂದು ವಿಷಯದಲ್ಲಿ ಮಾತ್ರ.

1990ರ ಆಗಸ್ಟ್ 2ರಂದು ಇರಾಕಿನ ಸೈನ್ಯ ಕುವೈತಿಗೆ ನುಗ್ಗಿತು. 'ಇಫ್ತಹ್ ಯಾ ಸಿಮ್‌ಸಿಮ್' ತಯಾರಿ ನಿಂತಿತು. ನಾವೂ ಊರು ಬಿಟ್ಟೆವು. ಬಸ್ಸಿನಲ್ಲಿ ಬಾಗ್ದಾದ್, ಅಲ್ಲಿಂದ ಜೋರ್ಡಾನ್ ಗಡಿ, ಅಮ್ಮಾನ್, ಅಮ್ಮಾನಿನಿಂದ ಏರ್ ಇಂಡಿಯಾ ವಿಮಾನದಲ್ಲಿ ಮುಂಬಯಿ. ಲಕ್ಷಕ್ಕೂ ಹೆಚ್ಚು ಭಾರತೀಯರು ಆ ದಾರಿಯಲ್ಲೇ ಬಂದರು, ಆ ಕಥೆ ಎಲ್ಲರೂ ಬರೆದಿದ್ದಾರೆ. ನನಗೆ ನೆನಪಿರುವುದು ಗಡಿಯ ಡೇರೆಯಲ್ಲಿ ಕಳೆದ ಒಂದು ರಾತ್ರಿ. ಬಟ್ಟೆ ಗಾಳಿಗೆ ಪಟಪಟ ಹೊಡೆದುಕೊಳ್ಳುತ್ತಿತ್ತು. ಪರಿಹಾರದವರೊಬ್ಬರು ನೀರು ಕೊಟ್ಟು ನನ್ನ ಹತ್ತಿರ ಅರೇಬಿಕ್ಕಿನಲ್ಲಿ ಏನೋ ಕೇಳಿದರು. ಶುದ್ಧ ಫುಸ್‌ಹಾದಲ್ಲಿ ಉತ್ತರ ಕೊಟ್ಟೆ. ಅವರಿಗೆ ಆಶ್ಚರ್ಯವೋ ಆಶ್ಚರ್ಯ. ಆದರೆ ನನ್ನ ಕಾಲು ನಡುಗುವುದು ನಿಂತದ್ದು ಅಮ್ಮ ಪಕ್ಕ ಬಂದು "ಎಂತ ಆತಿಲ್ಲೆ ಮಗಾ, ಮನಿಕೋ" ಅಂದಾಗ.

ಇದನ್ನು ಇಲ್ಲಿ ಬರೆಯಲು ಕಾರಣ ಇದೆ. ಮೂವತ್ತು ವರ್ಷದ ಮೇಲೆ, 2020ರ ಫೆಬ್ರವರಿಯಲ್ಲಿ, ಅದೇ ಜೋರ್ಡಾನಿನಲ್ಲಿ ತಯಾರಾದ 'ಅಹ್ಲನ್ ಸಿಮ್‌ಸಿಮ್' ಶುರುವಾಯಿತು. ಸಿರಿಯಾದ ಯುದ್ಧದಿಂದ ಮನೆ ಬಿಟ್ಟ ಮಕ್ಕಳನ್ನೂ, ಅವರು ಬಂದು ಸೇರಿದ ಊರಿನ ಮಕ್ಕಳನ್ನೂ ಮನಸ್ಸಿನಲ್ಲಿಟ್ಟು ಮಾಡಿದ್ದು. 'ಸೆಸಮಿ ಸ್ಟ್ರೀಟ್' ಮಾಡುವ ಸೆಸಮಿ ವರ್ಕ್‌ಶಾಪ್ ಜೊತೆಗೆ ನಿರಾಶ್ರಿತರಿಗಾಗಿ ದುಡಿಯುವ ಇಂಟರ್‌ನ್ಯಾಷನಲ್ ರೆಸ್ಕ್ಯೂ ಕಮಿಟಿ. ಅಮೆರಿಕದ ದತ್ತಿಸಂಸ್ಥೆ ಮ್ಯಾಕ್‌ಆರ್ಥರ್ ಫೌಂಡೇಶನ್ ಈ ಕೆಲಸಕ್ಕೆ 2017ರಲ್ಲೇ 10 ಕೋಟಿ ಡಾಲರ್ ಕೊಟ್ಟಿತ್ತು. ಬಸ್ಮಾ ಅನ್ನುವ ನೇರಳೆ ಹುಡುಗಿ, ಜಾದ್ ಅನ್ನುವ ಹಳದಿ ಹುಡುಗ, ಮಅಝೂಝಾ ಅನ್ನುವ ಆಡಿನ ಮರಿ. ಜಾದ್ ಬೇರೆ ಊರಿನಿಂದ ಬಂದವನು. ಅವನ ಆಟಿಕೆಗಳೆಲ್ಲ ಅಲ್ಲೇ ಉಳಿದಿವೆ.

ಮೊದಲ ಸರಣಿಯಲ್ಲಿ ಅಕ್ಷರ, ಅಂಕಿ ಮುಖ್ಯವಲ್ಲ. ಸಿಟ್ಟು, ಹೆದರಿಕೆ, ಒಂಟಿತನ, ಹೊಟ್ಟೆಕಿಚ್ಚು, ಇವುಗಳ ಹೆಸರು ಕಲಿಸುತ್ತಾರೆ. ಹೆದರಿಕೆಯಾದರೆ ಹೊಟ್ಟೆ ತುಂಬ ಉಸಿರು ಎಳೆದು ಬಿಡು, ಐದರವರೆಗೆ ಎಣಿಸು, ಚಿತ್ರ ಬಿಡಿಸು. ಮಾತು ಫುಸ್‌ಹಾ ಅಲ್ಲ. ಸಿರಿಯಾ, ಜೋರ್ಡಾನ್ ಕಡೆಯ ಮನೆಮಾತು. 'ಬೇಕು' ಅನ್ನಲು ಅಲ್ಲಿ 'ಉರೀದು' ಇಲ್ಲ, 'ಬಿದ್ದಿ'. ನನಗೆ ಹೆದರಿಕೆಯಾಗುತ್ತಿದೆ ಅನ್ನುವುದನ್ನು ವಾರ್ತೆ ಓದುವವರ ಭಾಷೆಯಲ್ಲಿ ಯಾವ ಮಗು ಹೇಳುತ್ತದೆ? ಡೇರೆಯ ರಾತ್ರಿ ನೆನಪಿರುವ ನನಗೆ ಈ ಆಯ್ಕೆ ಸರಿ ಅಂತ ಒಪ್ಪಲು ಒಂದು ನಿಮಿಷವೂ ಹಿಡಿಯಲಿಲ್ಲ. ನ್ಯೂಯಾರ್ಕ್ ವಿಶ್ವವಿದ್ಯಾಲಯದವರು ಜೋರ್ಡಾನಿನ ಶಿಶುವಿಹಾರಗಳಲ್ಲಿ ಪರೀಕ್ಷಿಸಿದಾಗಲೂ, ಇದನ್ನು ನೋಡಿದ ಮಕ್ಕಳು ಭಾವನೆಗಳನ್ನು ಗುರುತಿಸಿ ಹೇಳುವುದರಲ್ಲಿ ಮುಂದಿದ್ದರು.

ಮನೆಮಾತನ್ನು ಮೊದಲು ಆರಿಸಿಕೊಂಡವರು ಇವರೇ ಅಲ್ಲ. ಈಜಿಪ್ಟಿನವರು 2000ದಲ್ಲೇ 'ಆಲಮ್ ಸಿಮ್‌ಸಿಮ್' ಅಂತ ಈಜಿಪ್ಟಿನ ಆಡುಮಾತಿನಲ್ಲಿ ಮಾಡಿದ್ದರು. ಅದರಲ್ಲಿ ಖೋಖಾ ಅನ್ನುವ ಹುಡುಗಿ ಗೊಂಬೆ, ಓದಬೇಕು, ದೊಡ್ಡವಳಾಗಿ ಏನೇನೋ ಆಗಬೇಕು ಅನ್ನುವ ಉತ್ಸಾಹದವಳು. ಇತ್ತ ಗಲ್ಫಿನವರು ಹಳೆಯ ಹಟ ಬಿಡಲಿಲ್ಲ. 2015ರಲ್ಲಿ ಅಬುಧಾಬಿಯಿಂದ 'ಇಫ್ತಹ್ ಯಾ ಸಿಮ್‌ಸಿಮ್' ಮತ್ತೆ ಬಂದಾಗಲೂ ಫುಸ್‌ಹಾದಲ್ಲೇ ಬಂತು. ನುಅಮಾನ್ ಜೊತೆಗೆ ಶಮ್ಸ್ ಅನ್ನುವ ಹೊಸ ಹುಡುಗಿ.

ಇನ್ನು 'ಸ್ಪೇಸ್‌ಟೂನ್' ವಿಷಯ. ಅದು ಪಾಠದ ಚಾನೆಲ್ ಅಲ್ಲ, 2000ದಲ್ಲಿ ಶುರುವಾದ ಕಾರ್ಟೂನ್ ಚಾನೆಲ್. ದಮಾಸ್ಕಸ್‌ನ ಸ್ಟುಡಿಯೋದಲ್ಲಿ ಜಪಾನಿನ ಕಾರ್ಟೂನುಗಳಿಗೆ ಫುಸ್‌ಹಾ ಧ್ವನಿ ಕೊಟ್ಟು ಹಾಕುತ್ತಿದ್ದರು. ಕಾಲ್ಚೆಂಡಿನ ಹುಡುಗ ಸುಬಾಸಾ ಅರೇಬಿಕ್ಕಿನಲ್ಲಿ ಕ್ಯಾಪ್ಟನ್ ಮಾಜಿದ್. ಮೈದಾನದ ಈ ತುದಿಯಿಂದ ಆ ತುದಿಗೆ ಓಡಲು ಅವನಿಗೆ ಒಂದಿಡೀ ಕಂತು ಬೇಕು, ಅಷ್ಟು ಹೊತ್ತೂ ವಿಭಕ್ತಿ ಸಮೇತ ಯೋಚನೆ ಮಾಡುತ್ತಾ ಓಡುತ್ತಾನೆ. ನನಗೆ ಪರಿಚಯದ ಎಷ್ಟೋ ಅರಬ್ ಯುವಕರು ತಮ್ಮ ಫುಸ್‌ಹಾ ಬಂದದ್ದು ಮೇಷ್ಟ್ರಿಂದ ಅಲ್ಲ, ಮಾಜಿದ್‌ನಿಂದ ಅನ್ನುತ್ತಾರೆ. ನಾನು ನಂಬುತ್ತೇನೆ. ಕಲಿಸಲೆಂದೇ ಮಾಡಿದ್ದು ಕಲಿಸದೆ, ಕಲಿಸುವ ಯೋಚನೆಯೇ ಇಲ್ಲದ್ದು ಕಲಿಸಿಬಿಡುವುದು ಟಿವಿಯ ಹಳೇ ಚಾಳಿ.

ಸರಿ, ಚಪ್ಪಲಿ ಹಾಕಿಕೊಂಡು ನಿಂತವರಿಗೆ ಉತ್ತರ. ಮಗು ನಾಲ್ಕೈದು ವರ್ಷದ್ದಾದರೆ 'ಇಫ್ತಹ್ ಯಾ ಸಿಮ್‌ಸಿಮ್' ಹಾಕಿ, ಹಳೆಯದಾದರೂ ಪರವಾಗಿಲ್ಲ. ಅಕ್ಷರ ಬಂದ ಮೇಲೆ, ಓದು ಗಟ್ಟಿ ಮಾಡಲು, 1980ರ ದಶಕದಲ್ಲಿ ಜೋರ್ಡಾನಿನಲ್ಲಿ ಮಾಡಿದ 'ಅಲ್-ಮನಾಹಿಲ್' ಸಿಕ್ಕಿದರೆ ಅದು. ಎಂಟು ಹತ್ತು ವರ್ಷದ ಹುಡುಗರಿಗೆ ಕಾರ್ಟೂನೇ ಸಾಕು, ಬೇರೆ ಹಾಕಿದರೂ ಅವರು ಕೂರುವುದಿಲ್ಲ. ಹೊಸ ಊರಿಗೆ ಹೋಗಿ ಮಗು ಮಂಕಾಗಿದ್ದರೆ ಭಾಷೆಯ ಗೊಡವೆಯೇ ಬೇಡ, 'ಅಹ್ಲನ್ ಸಿಮ್‌ಸಿಮ್' ಹಾಕಿ, ಪಕ್ಕ ಕೂತು ಕನ್ನಡದಲ್ಲೋ ತುಳುವಿನಲ್ಲೋ ಬ್ಯಾರಿಯಲ್ಲೋ ಮಾತಾಡಿ. ಗಲ್ಫಿನ ಬೀದಿಯ ಅರೇಬಿಕ್ ಮಾತ್ರ ಈ ಯಾವ ಕಾರ್ಯಕ್ರಮವೂ ಕೊಡುವುದಿಲ್ಲ. ಅದಕ್ಕೆ ಮಗುವನ್ನು ಕೆಳಗೆ ಆಡಲು ಬಿಡಬೇಕು, ರೊಟ್ಟಿ ತರಲು ಕಳಿಸಬೇಕು.

ಹೋದ ವರ್ಷ ಬೈಂದೂರಿನ ಒಬ್ಬಾಕೆಗೆ ಇದನ್ನೇ ಹೇಳಿ ಕಳಿಸಿದ್ದೆ. ಆಕೆ ಕುವೈತಿಗೆ ಹೋಗಿ, ಮಗಳ ಜೊತೆ ತಾನೂ ಕೂತು, ಪುಸ್ತಕ ಇಟ್ಟುಕೊಂಡು ನುಅಮಾನ್ ನೋಡಿದರಂತೆ. ಎರಡು ತಿಂಗಳ ಮೇಲೆ ವಾಟ್ಸಾಪ್‌ನಲ್ಲಿ ಒಂದು ಧ್ವನಿ ಸಂದೇಶ ಬಂತು. ಮೊದಲು ಹುಡುಗಿಯ ದನಿ, ಜೋರಾಗಿ: "ಅಬೀ ಖುಬುಝ್!" ಅದರ ಹಿಂದೆಯೇ ಅಮ್ಮನ ದನಿ: "ಕೇಳಿದ್ರಾ ಅಕ್ಕಾ? ಕೆಳಗಿನ ಮಕ್ಕಳ ಜೊತೆ ಆಡಿ ಹೀಗೆ ಹೇಳಲು ಶುರು ಮಾಡಿದ್ದಾಳೆ. ರೊಟ್ಟಿ ಬೇಕಾದ್ರೆ ನನ್ನ ಹತ್ರ ಕೇಳೋದು ಬಿಟ್ಟು ಅಪ್ಪನನ್ನು ಯಾಕೆ ಕರೀತಾಳೆ?"