ಚೌಬಾರಾ ಗಲ್ಲಿಯಲ್ಲಿ 14 ನಿಮಿಷ

ಬೀದರ್‌ಗೆ ಹೊರಡುವ ಹಿಂದಿನ ರಾತ್ರಿ ಹಿಂದಿ ಚಿತ್ರ ನಿರ್ದೇಶಕ ಮಣಿ ಕೌಲ್ ಅವರ ‘ಧ್ರುಪದ್’ ಸಾಕ್ಷ್ಯಚಿತ್ರ ಮತ್ತೊಮ್ಮೆ ನೋಡಿದ್ದೆ. 1982ರದ್ದು, ಹಿಂದೂಸ್ತಾನಿ ಸಂಗೀತದ ಹಳೆಯ ಗಾಯನ ಶೈಲಿ ಧ್ರುಪದ್ ಬಗ್ಗೆ. ಜಿಯಾ ಮೊಹಿಯುದ್ದೀನ್ ಡಾಗರ್ ಅವರ ರುದ್ರವೀಣೆ, ಅವರ ತಮ್ಮ ಫರೀದುದ್ದೀನ್ ಹಾಡು, ಹಳೇ ಕಟ್ಟಡಗಳ ಕಲ್ಲಿನ ಮೇಲೆ ಮೆಲ್ಲಗೆ ಸರಿಯುವ ಕ್ಯಾಮೆರಾ. ಮಣಿ ಕೌಲ್ ಸ್ವತಃ ಆ ಅಣ್ಣನ ಹತ್ತಿರವೇ ಧ್ರುಪದ್ ಕಲಿತವರು. ಅದಕ್ಕೇ ಇರಬೇಕು, ಆಲಾಪದಲ್ಲಿ ಒಂದು ಸ್ವರ ಪೂರ್ತಿ ಅರಳುವ ತನಕ ಮುಂದಕ್ಕೆ ಹೋಗದ ಹಾಗೆ ಅವರ ಶಾಟ್ ಕೂಡ ಗಡಿಬಿಡಿಯಲ್ಲಿ ಮುಗಿಯುವುದಿಲ್ಲ. ಮೊದಲ ಚಿತ್ರ ‘ಉಸ್ಕಿ ರೋಟಿ’ ಬಂದಾಗಲೇ ಈ ನಿಧಾನಕ್ಕೆ ತುಂಬಾ ಬೈಸಿಕೊಂಡರು. ಆದರೂ ಬಿಡಲಿಲ್ಲ. ಕುಂಬಾರರ ಬಗ್ಗೆ, ಗಾಯಕಿ ಸಿದ್ಧೇಶ್ವರಿ ದೇವಿ ಬಗ್ಗೆ ಅದೇ ತಾಳ್ಮೆಯಲ್ಲಿ ಚಿತ್ರ ಮಾಡಿದರು.

ಬೀದರ್‌ನ ಹಳೇ ಊರಿನ ಕಾವಲು ಗೋಪುರ ಚೌಬಾರಾ ಹತ್ತಿರ, ಲೋಹದ ಮೇಲೆ ಬೆಳ್ಳಿ ಕೂರಿಸುವ ಬಿದ್ರಿ ಕೆಲಸದ ಅಂಗಡಿಗಳಿವೆ. ಒಂದರೊಳಗೆ ವಯಸ್ಸಾದ ಚಾಚಾ ಒಬ್ಬರು ಸತು, ತಾಮ್ರ ಬೆರೆಸಿ ಎರಕ ಹೊಯ್ದ ತಟ್ಟೆಯೊಂದರ ಮೇಲೆ ಉಳಿಯಿಂದ ಬಳ್ಳಿ ಕೊರೆಯುತ್ತಿದ್ದರು. ನಾನು ಮೊಬೈಲ್ ಹಿಡಿದು ಆ ಕಡೆಯಿಂದ, ಈ ಕಡೆಯಿಂದ, ಬಗ್ಗಿ, ಎದ್ದು, ಹತ್ತಾರು ವಿಡಿಯೊ ತೆಗೆದೆ.

“ಒಂದ್ ಕಡಿ ಕೂಡ್ರಿ ಅಣ್ಣಾ, ನೆರಳ ಬೀಳ್ಲಕತ್ತದ” ಅಂದರು.

‘ನೌಕರ್ ಕಿ ಕಮೀಜ್’ ಮಾಡುವಾಗ ಮಣಿ ಕೌಲ್ ಕ್ಯಾಮೆರಾಮನ್‌ಗೆ ವ್ಯೂಫೈಂಡರ್ ನೋಡಲೇಬೇಡಿ ಅಂದಿದ್ದರಂತೆ, ಅದು ನೆನಪಾಯಿತು. ಮೊಬೈಲನ್ನು ಒಂದು ಡಬ್ಬಿಗೆ ಒರಗಿಸಿ ಇಟ್ಟೆ. ಸ್ಕ್ರೀನ್ ಕಡೆ ತಿರುಗದೆ ಸುಮ್ನೆ ಕೂತೆ.

ಆಗ ಕಂಡಿತು. ಬೆಳ್ಳಿ ತಂತಿ ಕೂರಿಸುವ ಮುಂಚೆ ಪ್ರತಿ ಸಲವೂ ಚಾಚಾ ಕೊರೆದ ಗೆರೆಯ ಮೇಲೆ ಹೆಬ್ಬೆರಳು ಒಮ್ಮೆ ಆಡಿಸುತ್ತಾರೆ. ಆಮೇಲೆ ತಂತಿ, ಆಮೇಲೆ ಸುತ್ತಿಗೆಯ ಮೂರೋ ನಾಲ್ಕೋ ಸಣ್ಣ ಏಟು. ಅಷ್ಟು ಹೊತ್ತೂ ಉಸಿರು ಬಿಗಿಹಿಡಿದಿರುತ್ತಾರೆ, ಎಲೆಯೊಂದು ಮುಗಿದ ಮೇಲೆಯೇ ಬಿಡುತ್ತಾರೆ. ಮೊದಲು ತೆಗೆದ ವಿಡಿಯೊಗಳಲ್ಲಿ ಇದು ಒಂದರಲ್ಲೂ ಇಲ್ಲ.

ಕೊನೆಗೆ ಕೋಟೆಯ ಮಣ್ಣು. ಬಿಸಿಲು ಮಳೆ ತಾಗದ ಜಾಗದ್ದೇ ಬೇಕಂತೆ. ಚಿಟಿಕೆ ತೆಗೆದು ನಾಲಿಗೆಯ ತುದಿಗಿಟ್ಟು ನೋಡಿದರು, ತಲೆಯಾಡಿಸಿದರು. ಮುಗಿದಿದ್ದ ಇನ್ನೊಂದು ತಟ್ಟೆಯನ್ನು ಬೆಚ್ಚಗೆ ಮಾಡಿ, ಆ ಮಣ್ಣಿಗೆ ನವಸಾಗರ ಎಂಬ ಉಪ್ಪು ಕಲಸಿ ಉಜ್ಜಿದರು. ಬೂದು ಬಣ್ಣದ ಲೋಹ ಕಪ್ಪಾಯಿತು, ಬೆಳ್ಳಿ ಮಾತ್ರ ಬೆಳ್ಳಗೇ ಉಳಿಯಿತು. ನನ್ನ ಕಣ್ಣು ತುಂಬಿ ಬಂತು.

ಸಂಜೆ ಮಹಮೂದ್ ಗವಾನ್ ಮದರಸಾ. 1472ರ ಕಟ್ಟಡ, ಉಳಿದಿರುವುದು ಒಂದೇ ಮಿನಾರು. ಬಣ್ಣದ ಬಿಲ್ಲೆಗಳ ಮೇಲಿಂದ ಬಿಸಿಲು ಪೂರ್ತಿ ಇಳಿಯುವ ತನಕ ಅಲ್ಲೇ ಕೂತಿದ್ದೆ.

ರಾತ್ರಿ ಲಾಡ್ಜಿನಲ್ಲಿ ಆ ವಿಡಿಯೊ ಹಾಕಿದೆ. 14 ನಿಮಿಷ. ಮೊಬೈಲ್ ಸ್ವಲ್ಪ ಜಾರಿದೆ, ಅರ್ಧದ ಮೇಲೆ ಚಾಚಾನ ಕೈಯೇ ಕಾಣುವುದಿಲ್ಲ. ಗೋಡೆ ಇದೆ, ಗೋಡೆ ಮೇಲೆ ಬಾಗಿಲಿನ ಬೆಳಕಿದೆ, ಏಟಿನ ಸದ್ದು ಕೇಳುತ್ತದೆ. ಸದ್ದು ನಿಂತಾಗಲೆಲ್ಲ ನನಗೆ ಹೆಬ್ಬೆರಳು ಕಾಣುತ್ತದೆ.